ಬೀಳೋ ಅಣ್ಣನ ಆಟ

ಮಲೇಷ್ಯಾದ ಕ್ಲಾಂಗ್ ಬಂದರಿನ ಹಿಂಬದಿಯ ಆ ಡಿಪೋದಲ್ಲಿ ಬೆಳಿಗ್ಗೆ ಮೊದಲು ಕೇಳುತ್ತಿದ್ದದ್ದು ವೆಲ್ಡಿಂಗಿನ ಚಟಚಟವೂ ಅಲ್ಲ, ಫೋರ್ಕ್‌ಲಿಫ್ಟಿನ ಹಾರ್ನೂ ಅಲ್ಲ, ನಗು. ಹತ್ತಾರು ಗಂಡಸರು ಹೊಟ್ಟೆ ಹಿಡಿದುಕೊಂಡು ನಗುವ ಸದ್ದು. ಪಕ್ಕದ ಗೋದಾಮಿನ ಕಾವಲುಗಾರ ಬೇಲಿಗೆ ಮುಖ ಒತ್ತಿ ಇಣುಕಿ ನೋಡುತ್ತಿದ್ದ. ಆ ನಗುವನ್ನು ಅಲ್ಲಿಗೆ ತಂದವನು ತೌಸೀಫ್. ಮೊದಮೊದಲು ಅದನ್ನು ಕೇಳಿದರೆ ಅವನಿಗೆ ಹಬ್ಬ ಬಂದಷ್ಟು ಖುಷಿಯಾಗುತ್ತಿತ್ತು. ಕಡೆಕಡೆಗೆ ಅದೇ ನಗು ಕಿವಿಗೆ ಬಿದ್ದರೆ ಯಾರಿಗೆ ಏನಾಯಿತೋ ಎಂದು ಎದ್ದು ಹೋಗಿ ನೋಡುತ್ತಿದ್ದ. ಹಾಲು ಒಡೆಯುವಾಗ ಸದ್ದು ಮಾಡುವುದಿಲ್ಲ. ಪಾತ್ರೆಯ ಮುಚ್ಚಳ ತೆಗೆದ ಮೇಲೆಯೇ ಗೊತ್ತಾಗುವುದು.

ತೌಸೀಫ್ ರಾಣೇಬೆನ್ನೂರಿನವನು. ಡಿಪೋದಲ್ಲಿ ಅವನು ಸೇಫ್ಟಿ ಆಫೀಸರ್. ಹಡಗಿನಿಂದ ಇಳಿದು ಬಂದ ಖಾಲಿ ಕಂಟೇನರುಗಳನ್ನು ತೊಳೆದು, ತುಕ್ಕು ಹಿಡಿದ ತಗಡು ಕತ್ತರಿಸಿ, ಕೊಳೆತ ಹಲಗೆ ಕಿತ್ತು ಬೇರೆ ಹಾಕಿ, ಒಂದರ ಮೇಲೊಂದು ಪೇರಿಸಿಡುವ ಜಾಗ ಅದು. ಅಲ್ಲಿ ಮೇಲಿನಿಂದ ಬೀಳದ ವಸ್ತುವಿಲ್ಲ, ಕಾಲಿಗೆ ಎಡವದ ವಸ್ತುವಿಲ್ಲ. ಹುದ್ದೆಗೆ ಇಂಗ್ಲಿಷಿನಲ್ಲಿ ಉದ್ದದ ಹೆಸರಿದ್ದರೂ ಅವನ ಕೆಲಸ ಇಷ್ಟೇ: ಬೆಳಿಗ್ಗೆ ಬಂದವರೆಲ್ಲ ಸಂಜೆ ಸರಿಯಾಗಿ ವಾಪಸು ಹೋಗುವಂತೆ ನೋಡಿಕೊಳ್ಳುವುದು.

ಈ ಕೆಲಸಕ್ಕೆ ಬೇಕಾದ ಕಣ್ಣನ್ನು ಅವನಿಗೆ ಕೊಟ್ಟದ್ದು ಕಾಲೇಜಲ್ಲ, ತಂದೆ. ತಂದೆ ಹುಟ್ಟು ಕಿವುಡರು, ಮಾತೂ ಬರುತ್ತಿರಲಿಲ್ಲ. ಊರಿನ ಬಸ್‌ಸ್ಟ್ಯಾಂಡಿನ ಹತ್ತಿರ ಸೈಕಲ್ ರಿಪೇರಿ ಅಂಗಡಿ ಇಟ್ಟುಕೊಂಡಿದ್ದರು. ಕೂತು ಪಂಕ್ಚರ್ ಹಾಕುವ ಜಾಗದ ಎದುರಿಗೆ ಒಂದು ಕನ್ನಡಿ ತೂಗುಹಾಕಿದ್ದರು, ಬೆನ್ನ ಹಿಂದೆ ಯಾರು ಬಂದರೂ ಕಾಣಲಿ ಎಂದು. ಮನೆಯಲ್ಲಿ ಮಾತೆಲ್ಲ ಕೈಯಲ್ಲೇ. ತೌಸೀಫ್ ಬಾಯಿಮಾತು ಕಲಿಯುವ ಮೊದಲೇ ಕೈಮಾತು ಕಲಿತಿದ್ದ. ಮನೆಗೆ ಟೀವಿ ಬಂದಾಗ ಎಲ್ಲರೂ ಅದರ ಮುಂದೆ ಕೂತರೆ ತಂದೆ ಮಾತ್ರ ಎದ್ದು ಅಂಗಡಿಗೆ ಹೋಗುತ್ತಿದ್ದರು. ಬಾಯಿ ಆಡಿಸುವ ಜನರನ್ನು ನೋಡಿ ಅವರಿಗೇನು ಆಗಬೇಕಿತ್ತು?

ಆಗ ಸೋದರಮಾವ ಒಂದು ಕ್ಯಾಸೆಟ್ ತಂದ. ನೂರು ವರ್ಷ ಹಿಂದಿನ ವಿಲಾಯತಿ ಮೂಕಿ ಚಿತ್ರಗಳು. ಏಣಿ ಹೊತ್ತವನು ಯಾರೋ ಕರೆದರೆಂದು ತಿರುಗುತ್ತಾನೆ, ಏಣಿಯ ಹಿಂತುದಿ ಇನ್ನೊಬ್ಬನ ಬುರುಡೆಗೆ ಬಡಿಯುತ್ತದೆ. ಅವನು ಹೋಗಿ ಸುಣ್ಣದ ಬಕೆಟ್ಟಿನಲ್ಲಿ ಕೂರುತ್ತಾನೆ. ಬಕೆಟ್ಟಿನ ಸುಣ್ಣ ಪೊಲೀಸನ ಮೀಸೆಗೆ ಹಾರುತ್ತದೆ. ಏಣಿ ಹೊತ್ತವನಿಗೆ ಮಾತ್ರ ಇದ್ಯಾವುದರ ಪರಿವೆಯೇ ಇಲ್ಲ. ಅವತ್ತು ತಂದೆ ನಕ್ಕರು. ಗಂಟಲಿನ ಆಳದಿಂದ ಹೊರಟ ಆ ಒರಟು ಸದ್ದನ್ನು ಮನೆಯಲ್ಲಿ ಯಾರೂ ಕೇಳಿರಲಿಲ್ಲ. ಏನೋ ಆಯಿತೆಂದು ತಾಯಿ ಅಡುಗೆಮನೆಯಿಂದ ಓಡಿ ಬಂದರು. ತಂದೆ ಕಣ್ಣೊರೆಸಿಕೊಳ್ಳುತ್ತ ಮಗನಿಗೆ ಕೈಯಲ್ಲಿ ಹೇಳಿದರು: ಮುಂದೆ ಇರುವವನನ್ನು ನೋಡಬೇಡ, ಅವನ ಹಿಂದೆ ನೋಡು, ಬರುವುದೆಲ್ಲ ಅಲ್ಲಿಂದ.

ಅಲ್ಲಿಂದ ಮುಂದೆ ತೌಸೀಫ್ ಯಾರನ್ನೂ ನೆಟ್ಟಗೆ ನೋಡಿದವನಲ್ಲ, ಅವರ ಬೆನ್ನ ಹಿಂದೆಯೇ ನೋಡಿದವನು. ಹೆಣ್ಣು ನೋಡಲು ಹೋದಾಗಲೂ ಶಮೀಮಳ ಮುಖ ಬಿಟ್ಟು ಅವಳ ತಲೆಯ ಮೇಲಿನ ಸಡಿಲ ಫ್ಯಾನನ್ನು ನೋಡುತ್ತ ಕೂತಿದ್ದನಂತೆ. ಆಕೆ ಈಗಲೂ ಅದನ್ನು ಹೇಳಿ ಆಡಿಕೊಳ್ಳುತ್ತಾಳೆ.

ಡಿಪೋದ ಕೆಲಸಗಾರರಲ್ಲಿ ಬಾಂಗ್ಲಾದವರು, ನೇಪಾಳದವರು, ಇಂಡೋನೇಷ್ಯಾದವರು, ಮ್ಯಾನ್ಮಾರಿನವರು ಎಲ್ಲರೂ ಇದ್ದರು. ಎಲ್ಲರಿಗೂ ಬರುವ ಒಂದು ಭಾಷೆ ಇರಲಿಲ್ಲ. ತೌಸೀಫ್ ಬರುವ ಮೊದಲು ಪ್ರತಿ ಬೆಳಿಗ್ಗೆ ಸುರಕ್ಷತೆಯ ಪಾಠ ಇಂಗ್ಲಿಷಿನಲ್ಲಿ, ಒಂದಿಷ್ಟು ಮಲಯದಲ್ಲಿ ನಡೆಯುತ್ತಿತ್ತು. ಕೋಣನ ಮುಂದೆ ಕಿನ್ನರಿ ಬಾರಿಸಿದಂತೆ ಎನ್ನುತ್ತಾರಲ್ಲ, ಹಾಗೆ. ಆದರೆ ಎದುರಿಗಿದ್ದವರಿಗೆ ಬಾರದ ಭಾಷೆಯಲ್ಲಿ ಬಾರಿಸುವವನೇ ಕೋಣ ಎಂದು ತೌಸೀಫನಿಗೆ ಬೇಗ ಗೊತ್ತಾಯಿತು. ಅವರು ನಿಂತಲ್ಲೇ ತೂಕಡಿಸುತ್ತಿದ್ದರು, ಆಮೇಲೆ ಹೋಗಿ ಬೆರಳು ಜಜ್ಜಿಸಿಕೊಳ್ಳುತ್ತಿದ್ದರು.

ಒಂದು ದಿನ ಅವನು ಮನೆಯಿಂದ ಲ್ಯಾಪ್‌ಟಾಪು, ಪ್ರೊಜೆಕ್ಟರು ತಂದ. ರಿಪೇರಿ ಶೆಡ್ಡಿನ ಮಬ್ಬಿನಲ್ಲಿ ಒಂದು ಬಿಳಿ ಕಂಟೇನರಿನ ಮೈಮೇಲೆ ಮೂಕಿ ಚಿತ್ರ ಬಿಟ್ಟ. ಮೊಣಕಾಲಿಗೆ ಬರುವ ಕೋಟು, ಕಿವಿ ಮುಚ್ಚುವ ಉಲ್ಲನ್ ಟೊಪ್ಪಿ ಹಾಕಿದ ಒಣಕಲು ಮನುಷ್ಯ ಅದರ ನಾಯಕ. ರೀಲಿನ ಮೊದಲ ತುಂಡು ಎಲ್ಲೋ ಸುಟ್ಟುಹೋಗಿ ಅವನ ಹೆಸರೂ ಅದರ ಜೊತೆ ಹೋಗಿತ್ತು. ಮನೆ ಕಟ್ಟುವ ಜಾಗದಲ್ಲಿ ಅವನು ಟೊಪ್ಪಿ ಎತ್ತಿಕೊಳ್ಳಲು ಬಗ್ಗುವುದಕ್ಕೂ ಹಗ್ಗಕ್ಕೆ ತೂಗುಬಿಟ್ಟ ತೊಲೆ ಅವನ ಬೆನ್ನ ಮೇಲಿಂದ ಹಾದು ಹೋಗುವುದಕ್ಕೂ ಸರಿಹೋಗುತ್ತದೆ. ನೆಟ್ಟಗೆ ನಿಲ್ಲುತ್ತಾನೆ, ತೊಲೆ ತಿರುಗಿ ಬರುತ್ತದೆ. ಬೂಟಿನ ದಾರ ಬಿಚ್ಚಿದ್ದು ಕಂಡು ಮತ್ತೆ ಬಗ್ಗುತ್ತಾನೆ.

ತೌಸೀಫ್ ಚಿತ್ರವನ್ನು ಅಲ್ಲೇ, ಪೆಟ್ಟು ಬೀಳುವ ಮುಂಚೆಯೇ ನಿಲ್ಲಿಸಿಬಿಡುತ್ತಿದ್ದ. ಕೈಯಲ್ಲಿ ಕೇಳುತ್ತಿದ್ದ: ಏನು ಬರುತ್ತೆ? ಎಲ್ಲಿಂದ? ಎಲ್ಲರ ಬೆರಳೂ ಒಟ್ಟಿಗೆ ತೊಲೆಯ ಕಡೆಗೆ, ಹಗ್ಗದ ಕಡೆಗೆ, ಮೂಲೆಯ ಬಕೆಟ್ಟಿನ ಕಡೆಗೆ ಚಾಚುತ್ತಿದ್ದವು. ಆಗ ಅವನು ಪ್ರೊಜೆಕ್ಟರ್ ಆರಿಸಿ, ಈಗ ನಿಮ್ಮ ಅಂಗಳ ನೋಡಿ ಎಂದು ಕೈ ಬೀಸಿ ತೋರಿಸುತ್ತಿದ್ದ. ಬೀಳುವುದನ್ನು ಮಾತ್ರ ತೋರಿಸುತ್ತಿರಲಿಲ್ಲ. ಅದು ಅವನ ಕಟ್ಟುನಿಟ್ಟು. ಕಾಣದ ಪೆಟ್ಟು ಇಡೀ ದಿನ ತಲೆಯಲ್ಲಿ ತೂಗುತ್ತಿರಬೇಕು ಎಂಬುದು ಲೆಕ್ಕ.

ಆ ಲೆಕ್ಕ ಫಲಿಸಿತು. ಕೆಲಸಗಾರರು ಆ ಟೊಪ್ಪಿಯವನಿಗೆ ಮಲಯದಲ್ಲಿ 'ಅಬಾಂಗ್ ಜಾತೋ' ಎಂದು ಹೆಸರಿಟ್ಟರು. ಬೀಳೋ ಅಣ್ಣ ಎಂದು ಅದರರ್ಥ. ಯಾರಾದರೂ ಹಿಂದುಮುಂದು ನೋಡದೆ ಪೈಪು ಹೊತ್ತು ಬಂದರೆ ಉಳಿದವರು "ಅಬಾಂಗ್ ಜಾತೋ!" ಎಂದು ಕೂಗಿ ಎಚ್ಚರಿಸುತ್ತಿದ್ದರು. ಜಜ್ಜಿದ ಬೆರಳುಗಳು ಕಡಿಮೆಯಾದವು.

ಡಿಪೋದ ಮ್ಯಾನೇಜರ್ ರಾಧಾಕೃಷ್ಣ ಬ್ರಹ್ಮಾವರದ ಕಡೆಯವರು, ತೌಸೀಫನಿಗಿಂತ ಹತ್ತು ವರ್ಷ ಹಿರಿಯರು. ಇಡೀ ಡಿಪೋದಲ್ಲಿ ಕನ್ನಡ ಬರುತ್ತಿದ್ದದ್ದು ಇವರಿಬ್ಬರಿಗೇ. ಒಬ್ಬರದು ಕರಾವಳಿ, ಒಬ್ಬನದು ಬಯಲುಸೀಮೆ. ಆದರೂ ಪರದೇಶದಲ್ಲಿ ಅದೇ ಒಂದು ಮನೆ. ಒಂದು ಬೆಳಿಗ್ಗೆ ಪಾಠ ನೋಡಲು ಬಂದ ಅವರು ಚಿತ್ರ ಅರ್ಧಕ್ಕೆ ನಿಂತದ್ದು ಕಂಡು ತಲೆ ಚಚ್ಚಿಕೊಂಡರು.

"ಎಂತ ಮಾರಾಯ ಇದು? ಊಟಕ್ಕೆ ಕೂರಿಸಿ ಎಲೆ ಎಳ್ಕೊಂಡ ಹಾಗೆ! ಪೂರ್ತಿ ತೋರ್ಸು. ಪಾಪ, ನಗ್ಲಿ."

"ಬ್ಯಾಡ್ರಿ ರಾಧಣ್ಣ. ಬಿದ್ದಿದ್ದು ನೋಡಿದ್ರ ಹೆದರಿಕಿ ಹೋಗ್ತೈತಿ."

"ಹೆದರಿಕೆಯಿಂದ ಎಂತ ಕಲಿಲಿಕ್ಕುಂಟು? ನಕ್ಕು ಕಲ್ತದ್ದು ಮರೆಯುದಿಲ್ಲ. ಹ್ಯಾಪಿ ಆಗಿದ್ರೆ ಕೆಲಸನೂ ಲಾಯ್ಕ ಮಾಡ್ತಾರೆ ಲಾ." ಮಾತಿನ ಕೊನೆಗೆ ಸೇರುವ ಮಲಯದ ಆ 'ಲಾ' ಅವರ ನಾಲಿಗೆಗೆ ಅಂಟಿಕೊಂಡಿತ್ತು.

ಕೆಲಸಗಾರರೂ "ಲಗಿ, ಲಗಿ!", ಇನ್ನೂ ಬೇಕು ಎಂದು ಹಟ ಹಿಡಿದರು. ತೌಸೀಫ್ ಮೆತ್ತಗಾದ. ಮುಂದಿನ ಬೆಳಿಗ್ಗೆ ಚಿತ್ರವನ್ನು ನಿಲ್ಲಿಸಲಿಲ್ಲ. ತೊಲೆ ಮೂರನೆಯ ಸಲ ತೂಗಿ ಬಂದು ಟೊಪ್ಪಿಯವನನ್ನು ಎತ್ತಿ ಗಾರೆಯ ಗುಂಡಿಗೆ ಎಸೆಯಿತು. ಅವನು ಎದ್ದ, ಕೋಟು ಕೊಡವಿಕೊಂಡ, ಟೊಪ್ಪಿ ಸರಿಮಾಡಿಕೊಂಡ, ನಡೆದೇ ಹೋದ. ಶೆಡ್ಡಿನ ತಗಡು ಕಿತ್ತುಹೋಗುವಂಥ ನಗು ಎದ್ದಿತು. ಅಷ್ಟು ಜನ ಗಂಡಸರ ಗಂಟಲಿನಲ್ಲಿ ತೌಸೀಫನಿಗೆ ತಂದೆಯ ಸದ್ದು ಕೇಳಿಸಿತು. ಆಮೇಲೆ ಅವನು ಚಿತ್ರ ನಿಲ್ಲಿಸುವ ಮಾತೇ ಎತ್ತಲಿಲ್ಲ. ಸಾಲದ್ದಕ್ಕೆ ತಾನೂ ಮುಂದೆ ನಿಂತು ನಟಿಸತೊಡಗಿದ. ಕಣ್ಣು ಗುಡ್ಡೆ ಹೊರಬರುವಂತೆ ಮಾಡಿ, ಎರಡೂ ಕೈ ಗಾಳಿಯಲ್ಲಿ ಬೀಸಿ, "ಹಾತಿ-ಹಾತಿ!" ಎಂದು ಕೂಗಿಕೊಂಡು ಓಡಿ ಬರುತ್ತಿದ್ದ. ಹುಷಾರು ಎಂಬ ಆ ಮಲಯ ಮಾತಿಗೆ ಎಲ್ಲರೂ ಬಿದ್ದು ಬಿದ್ದು ನಗುತ್ತಿದ್ದರು.

ಒಂದು ವಿಷಯ ಅವನು ಅವರಿಗೆ ಹೇಳಲೇ ಇಲ್ಲ. ಆ ಕಾಲದಲ್ಲಿ ಇಂಥ ಚಿತ್ರದ ತೊಲೆಯೆಂದರೆ ಹೆಚ್ಚಾಗಿ ಟೊಳ್ಳು ಮರಕ್ಕೆ ಬಳಿದ ಬಣ್ಣ. ಹಾಗಿದ್ದೂ ಎಷ್ಟೋ ನಟರು ಕೈಕಾಲು ಮುರಿದುಕೊಂಡರು. ಮುರಿದದ್ದನ್ನು ಮಾತ್ರ ಯಾರೂ ಪರದೆಯ ಮೇಲೆ ತೋರಿಸಲಿಲ್ಲ. ಇದನ್ನು ಹೇಳಿದರೆ ಮಜಾ ಹೋಗುತ್ತದೆ ಎಂದು ಅವನು ಸುಮ್ಮನಿದ್ದ. ಜನ ಕೆಟ್ಟ ಮನಸ್ಸಿನಿಂದ ಮಾಡುವ ತಪ್ಪುಗಳಿಗಿಂತ ಮಜಾ ಹಾಳಾಗಬಾರದೆಂದು ಮಾಡುವ ತಪ್ಪುಗಳೇ ಹೆಚ್ಚು ಎಂದು ನನಗಂತೂ ಅನ್ನಿಸುತ್ತದೆ.

ಭುವನ್ ಎಂಬ ನೇಪಾಳಿ ಈ ಆಟಕ್ಕೆ ಹುಟ್ಟಿದವನಂತಿದ್ದ. ನಲವತ್ತು ದಾಟಿದ ಗಿಡ್ಡ ಆಳು, ರಬ್ಬರಿನಂಥ ಮುಖ. ರಿಪೇರಿ ಶೆಡ್ಡಿನಲ್ಲಿ ಭಾರ ಎತ್ತುವ ಚೈನು ಕೊಕ್ಕೆಗಳ ಕೆಲಸ ಅವನದು. ಮಲಯ ಅಷ್ಟಕ್ಕಷ್ಟೇ, ಇಂಗ್ಲಿಷು ಇಲ್ಲವೇ ಇಲ್ಲ. ಅದಕ್ಕೇ ಬಂದ ಹೊಸದರಲ್ಲಿ ಮೂಲೆ ಹಿಡಿದು ಕೂರುತ್ತಿದ್ದ. ಚಿತ್ರ ಶುರುವಾದ ಮೇಲೆ ಅವನಿಗೆ ನಾಲಿಗೆ ಬಂದಂತಾಯಿತು. ತೌಸೀಫ್ ಮಾಡಿದ ಒಂದೊಂದು ಕೈಸನ್ನೆಯನ್ನೂ ಹಿಡಿದು, ಅದಕ್ಕೆ ಇನ್ನೊಂದು ಸೇರಿಸಿ ತಿರುಗಿ ಎಸೆಯುತ್ತಿದ್ದ. ಸಂಜೆ ಹೊತ್ತು ಮಾಮಕ್ ಅಂಗಡಿಯಲ್ಲಿ, ಅಂದರೆ ತಮಿಳು ಮುಸ್ಲಿಮರ ಟೀ ಹೋಟೆಲಿನಲ್ಲಿ, ಇಬ್ಬರೂ ಟೀ ಹಿಡಿದು ಎದುರುಬದುರು ಕೂತರೆ ಗಂಟೆಗಟ್ಟಲೆ ಹರಟೆ. ಒಂದು ಶಬ್ದವಿಲ್ಲ. ಊರಿನ ಗುಡ್ಡ, ಹೆಂಡತಿಯ ಸಿಟ್ಟು, ಮಗಳ ಕಾಲೇಜು, ಕಳೆದುಹೋದ ಆಡು, ಎಲ್ಲವೂ ಭುವನನ ಬೆರಳುಗಳಲ್ಲಿ ಬರುತ್ತಿದ್ದವು. ತಂದೆ ತೀರಿಹೋದ ಮೇಲೆ ತೌಸೀಫ್ ಕೈಯಲ್ಲಿ ಮನಸ್ಸು ಬಿಚ್ಚಿದ್ದು ಇವನೊಬ್ಬನ ಹತ್ತಿರ. ಇವನನ್ನು ಕಂಡರೆ ಅವನಿಗೆ ಒಡಹುಟ್ಟಿದವನನ್ನು ಕಂಡಂತಾಗುತ್ತಿತ್ತು.

ಹೀಗಿರುವಾಗ ಡಿಪೋದ ಗಾಳಿ ಬದಲಾಗುತ್ತ ಬಂತು. "ಅಬಾಂಗ್ ಜಾತೋ" ಎನ್ನುವುದು ಎಚ್ಚರಿಕೆಯ ಕೂಗಾಗಿ ಉಳಿಯಲಿಲ್ಲ, ಆಟಕ್ಕೆ ಕರೆಯುವ ಕೂಗಾಯಿತು. ಪೈಪು ಹೊತ್ತವನು ಬೇಕೆಂದೇ ಗಿರಕಿ ಹೊಡೆಯುತ್ತಿದ್ದ, ಪಕ್ಕದವರು ಬಗ್ಗಿ ತಪ್ಪಿಸಿಕೊಂಡು ಚಪ್ಪಾಳೆ ತಟ್ಟುತ್ತಿದ್ದರು. ಒಂದು ದಿನ ಕ್ರೇನಿನ ಕೊಕ್ಕೆ ತೂಗಿ ಬರುವಾಗ ಭುವನ್ ಹೆಲ್ಮೆಟ್ ಬೀಳಿಸಿ, ಅದನ್ನು ಎತ್ತಿಕೊಳ್ಳಲು ಬಗ್ಗಿದ. ಕೊಕ್ಕೆ ಅವನ ಬೆನ್ನ ಮೇಲಿಂದ ಹಾದುಹೋಯಿತು. ಶೆಡ್ಡಿಗೆ ಶೆಡ್ಡೇ ಶಿಳ್ಳೆ ಹಾಕಿತು. ತೌಸೀಫ್ ಓಡಿ ಬಂದು ಕೈ ಬೀಸಿ ಬೈದ. ಭುವನ್ ಆ ಬೈಗುಳವನ್ನೇ ಹಾಗೆಹಾಗೆಯೇ ಮಾಡಿ ತೋರಿಸಿದ: ಅದೇ ಕಣ್ಣು, ಅದೇ ಕೈ, ಅದೇ ಸಿಟ್ಟಿನ ಕುಣಿತ. ಎಲ್ಲರೂ ನಕ್ಕರು, ತೌಸೀಫನಿಗೂ ನಗು ತಡೆಯಲಾಗಲಿಲ್ಲ. ಬೇಲಿಯೇ ಎದ್ದು ಹೊಲ ಮೇಯುತ್ತಿದೆ ಎಂದು ಒಳಗೆ ಯಾವುದೋ ಮೂಲೆಯಲ್ಲಿ ಅನ್ನಿಸಿತು. ಅನ್ನಿಸಿದ್ದನ್ನು ಅಲ್ಲೇ ಅದುಮಿಟ್ಟ.

ಮಳೆ ಬಂದು ನಿಂತ ಒಂದು ಮಧ್ಯಾಹ್ನ ಮ್ಯಾನ್ಮಾರಿನ ವೆಲ್ಡರ್ ಒಬ್ಬ ಏಣಿಯಿಂದ ಜಾರಿದ. ಕೈ ಬಡಿದುಕೊಂಡು, ಕಾಲು ಗಾಳಿಯಲ್ಲಿ ಸೈಕಲ್ ತುಳಿದು, ಥೇಟ್ ಚಿತ್ರದಲ್ಲಿದ್ದಂತೆಯೇ ನೆಲಕ್ಕೆ ಬಿದ್ದ. ಸುತ್ತ ಇದ್ದವರೆಲ್ಲ ನಕ್ಕರು. ನಕ್ಕು, ಅವನು ಎದ್ದು ಬಟ್ಟೆ ಕೊಡವಿಕೊಳ್ಳುವುದನ್ನು ನೋಡಲು ಕಾದರು. ಅವನು ಏಳಲಿಲ್ಲ, ಅವರು ಕಾಯುವುದನ್ನೂ ಬಿಡಲಿಲ್ಲ. ಅವನು ನರಳಿದಾಗ ಇನ್ನಷ್ಟು ನಗು ಎದ್ದಿತು. ಕಡೆಗೆ ತೌಸೀಫ್ ಓಡಿ ಹೋಗಿ ನೋಡಿದರೆ ಮಣಿಕಟ್ಟಿನ ಮೂಳೆ ಚರ್ಮ ಹರಿದು ಹೊರಬಂದಿತ್ತು. ಅವನು ಹಾಗೆ ಓಡುವ ಮೊದಲು ಒಂದು ಗಳಿಗೆ ತಾನೂ ನಕ್ಕಿದ್ದ. ಅದು ಬೇರೆ ಯಾರಿಗೂ ಗೊತ್ತಿರಲಿಲ್ಲ, ಅವನಿಗೆ ಗೊತ್ತಿತ್ತು.

ಅವತ್ತು ಸಂಜೆ ಮನೆಗೆ ಬಂದು ಲ್ಯಾಪ್‌ಟಾಪ್ ತೆರೆದು ಅದೇ ಚಿತ್ರ ಹಾಕಿಕೊಂಡು ಕೂತ. ಮಗಳು ತಹರೀಮ್ ಪಕ್ಕಕ್ಕೆ ಬಂದು ಒರಗಿದಳು. ಕನ್ನಡ ಅರ್ಥವಾಗುತ್ತದೆ, ಉತ್ತರ ಮಾತ್ರ ಇಂಗ್ಲಿಷಿನಲ್ಲಿ. ಅವಳು ನಗಲಿಲ್ಲ. ಸ್ವಲ್ಪ ಹೊತ್ತು ನೋಡಿ ಕೇಳಿದಳು:

"ಅಬ್ಬಾ, ವೈ ಈಸ್ ನೋಬಡಿ ಹೆಲ್ಪಿಂಗ್ ಹಿಮ್?"

ತೌಸೀಫ್ ಪರದೆಯನ್ನು ನೋಡಿದ. ಟೊಪ್ಪಿಯವನು ಗಾರೆಗುಂಡಿಯಲ್ಲಿ ಒದ್ದಾಡುತ್ತಿದ್ದ. ಹಿಂದೆ ಹತ್ತು ಜನ ಗಾರೆ ಕೆಲಸದವರು ಸುಮ್ಮನೆ ನಿಂತಿದ್ದರು. ಇಷ್ಟು ದಿನ ನೋಡಿದ ಚಿತ್ರದಲ್ಲಿ, ಹಿಂದೆ ನೋಡುವುದೇ ಅಭ್ಯಾಸವಾಗಿದ್ದ ಅವನ ಕಣ್ಣಿಗೆ, ಆ ಹತ್ತು ಜನ ಒಮ್ಮೆಯೂ ಬಿದ್ದಿರಲಿಲ್ಲ.

"ಸಾಕು ಬಂದ್ ಮಾಡ್ರಿ ಅದನ್ನ," ಎಂದಳು ಶಮೀಮ್ ಒಳಗಿನಿಂದ. "ಬಿದ್ದವರನ್ನ ನೋಡಿ ನಗೋದು ಯಾವ ಮನಷ್ಯಾರ ಕೆಲಸ? ನಂಗಂತೂ ಅದನ್ನ ನೋಡಿದ್ರ ಎದಿ ಝಲ್ ಅಂತೈತಿ."

ಮರುದಿನದಿಂದ ಅವನು ಚಿತ್ರ ನಿಲ್ಲಿಸಿದ. ಕೆಲಸಗಾರರು ಮುಖ ಊದಿಸಿಕೊಂಡರು. ಭುವನ್ ಬಂದು, ಎದೆ ಒಡೆದವನಂತೆ ನಟಿಸಿ, ಕಾಲಿಗೆ ಬಿದ್ದು, ಇಲ್ಲದ ಕಣ್ಣೀರು ಹಿಂಡಿ ಬೇಡಿಕೊಂಡ. ತೌಸೀಫ್ ಅವನ ಹೆಗಲು ಹಿಡಿದು, ಆ ವೆಲ್ಡರನ ಮುರಿದ ಕೈಯನ್ನು ಸನ್ನೆಯಲ್ಲಿ ನೆನಪಿಸಿ, ಖರೇ ಖರೇ ಪೆಟ್ಟಾಗುತ್ತದೆ ಎಂದು ತಿಳಿಹೇಳಲು ನೋಡಿದ. ಆದರೆ ನೋವು ಎಂಬುದಕ್ಕೆ ಅವನ ಕೈಯಲ್ಲಿದ್ದ ಸನ್ನೆಯೆಲ್ಲ ಬೆಳಗಿನ ಆಟದಲ್ಲಿ ಖರ್ಚಾಗಿತ್ತು. ಹಣೆ ಹಿಡಿದುಕೊಂಡರೂ ಭುವನನಿಗೆ ನಗು, ಎದೆಯ ಮೇಲೆ ಕೈ ಇಟ್ಟರೂ ನಗು.

ಅಷ್ಟರಲ್ಲಿ ರಾಧಾಕೃಷ್ಣ ಒಂದು ಸುದ್ದಿ ತಂದರು. ಹಡಗು ಕಂಪನಿಯ ದೊಡ್ಡವರು ಡಿಪೋ ನೋಡಲು ಬರುವವರಿದ್ದರು. ಈ ಮೂಕಿ ಪಾಠದ ಸುದ್ದಿ ಅವರ ಕಿವಿಗೂ ಬಿದ್ದಿತ್ತು, ಅದನ್ನೇ ನೋಡಬೇಕಂತೆ.

"ನಿಲ್ಸಿದ್ದೀನ್ರಿ ರಾಧಣ್ಣ. ಇನ್ನ ಬ್ಯಾಡ. ಯಾರಾರ ಒಬ್ರು ಹೋಗ್ತಾರ ನೋಡ್ರಿ. ನಂಗ ಹಂಗ ಅನಸಾಕತ್ತೈತಿ."

"ಒಂದು ಕೈ ಮುರಿದದ್ದಕ್ಕೆ ಇಷ್ಟು ಹೆದರುದಾ ನೀನು? ಮೊದಲೆಲ್ಲ ಎಷ್ಟು ಮುರೀತಿತ್ತು ಹೇಳು? ಎಲ್ಲ ಡಿಪೋದಲ್ಲೂ ನಿನ್ನ ಮೆಥಡ್ ಮಾಡುವ ಅಂತಿದ್ದಾರೆ ಮಾರಾಯ. ಒಂದೇ ಒಂದು ಸಲ."

ಮಾತಿಗೆ ಮಾತು ಬೆಳೆದು ಕಡೆಗೆ ಒಂದು ರಾಜಿಯಾಯಿತು. ಚಿತ್ರ ಬೇಡ, ಅದರ ಬದಲು ಭುವನ್ ಆ ತೊಲೆಯ ಆಟವನ್ನು ನಟಿಸಿ ತೋರಿಸಲಿ. ತೊಲೆ ಮಾತ್ರ ಕಡ್ಡಾಯವಾಗಿ ರಟ್ಟಿನದಾಗಿರಬೇಕು. ತೌಸೀಫ್ ತಾನೇ ನಿಂತು ದಪ್ಪ ರಟ್ಟಿನ ಕೊಳವೆ ತರಿಸಿ, ಹಳದಿ ಬಣ್ಣ ಬಳಿಸಿ, ಎತ್ತಿ ನೋಡಿದ. ಚಾಪೆ ಎತ್ತಿದಷ್ಟೇ ಹಗುರ. ಅಷ್ಟಕ್ಕೇ ಮನಸ್ಸು ಒಪ್ಪಿಸಿದ. ಅತಿಥಿಗಳು ಬರುವ ಮುನ್ನಾದಿನ ಇಡೀ ದಿನ ಅವನಿಗೆ ಬೇರೆ ಅಂಗಳದಲ್ಲಿ ಕೆಲಸ ಬಿತ್ತು.

ಅವನಿಲ್ಲದಾಗ ಶೆಡ್ಡಿನಲ್ಲಿ ನಡೆದದ್ದು ಇಷ್ಟು. ರಟ್ಟಿನ ತೊಲೆ ಹೇಳಿದಂತೆ ಕೇಳಲಿಲ್ಲ. ದೊಡ್ಡ ಫ್ಯಾನಿನ ಗಾಳಿಗೆ ಹೇಗೆಂದರೆ ಹಾಗೆ ತೂರಾಡಿತು. ಭುವನ್ ಬಗ್ಗುವ ಹೊತ್ತಿಗೆ ಅದು ಎತ್ತಲೋ ಇರುತ್ತಿತ್ತು. ತೌಸೀಫ್ ಸಾರ್ ಹೆಸರು ಹಾಳಾಗುತ್ತದೆ ಎಂದು ಅವನಿಗೆ ಚಿಂತೆಯಾಯಿತು. ತೂಗಲು ಭಾರ ಬೇಕು, ಭಾರವಿದ್ದರೆ ತೊಲೆ ಒಂದೇ ದಾರಿಯಲ್ಲಿ ಹೋಗಿ ಬರುತ್ತದೆ. ಚೈನಿನ ಕೆಲಸದವನಿಗೆ ಇದು ಗೊತ್ತಿಲ್ಲದ್ದೇನಲ್ಲ. ರಿಪೇರಿಗೆಂದು ಇಟ್ಟಿದ್ದ ಉಕ್ಕಿನ ತೊಲೆಯೊಂದಕ್ಕೆ ಅದೇ ಹಳದಿ ಬಣ್ಣ ಬಳಿದು ತೂಗುಹಾಕಿದರು. ಮೂರನೆಯ ಸಲ ಪೆಟ್ಟು ತಿನ್ನುವ ಬದಲು ಭುವನ್ ಬಗ್ಗಿ, ಪೆಟ್ಟು ಬಿದ್ದವನಂತೆ ನಟಿಸಿ ಬೀಳುತ್ತಿದ್ದ. ಎಷ್ಟು ಸಲ ಮಾಡಿದರೂ ಆಟ ತಪ್ಪಲಿಲ್ಲ. ಎಲ್ಲರೂ ಖುಷಿಯಾದರು. ತೌಸೀಫನಿಗೆ ಯಾರೂ ಹೇಳಲಿಲ್ಲ. ಮುಚ್ಚಿಟ್ಟದ್ದಲ್ಲ, ಅವನು ನೋಡಿ ಸಂತೋಷಪಡಲಿ ಎಂದು.

ಅತಿಥಿಗಳು ಬಂದು ಮುಂದಿನ ಸಾಲಿನಲ್ಲಿ ಕೂತರು. ರಾಧಾಕೃಷ್ಣ ಅವರ ನಡುವೆ ಕೂತು, ಬಗ್ಗಿ ಬಗ್ಗಿ ವಿವರಿಸುತ್ತಿದ್ದರು. ತೌಸೀಫ್ ಶೆಡ್ಡಿನ ಬಾಗಿಲ ಬಳಿ ನಿಂತಿದ್ದ. ಭುವನ್ ಹೆಲ್ಮೆಟ್ ತೆಗೆದು, ಯಾರದೋ ಉಲ್ಲನ್ ಟೊಪ್ಪಿ ಕಿವಿವರೆಗೆ ಎಳೆದುಕೊಂಡು, ಮೊಣಕಾಲುದ್ದದ ಕೋಟಿನಲ್ಲಿ ಬಂದ. ಬಂದ ಕೂಡಲೇ ನಗು. ನೆಲದ ಮೇಲೆ ಬಣ್ಣದಲ್ಲಿ ಎರಡು ಹೆಜ್ಜೆಯ ಗುರುತಿತ್ತು, ಅದರ ಮೇಲೆ ನಿಂತ. ಇನ್ನೊಬ್ಬ ತೊಲೆಯನ್ನು ಎಳೆದು ಬಿಟ್ಟ.

ಭುವನ್ ಟೊಪ್ಪಿ ಬೀಳಿಸಿ ಬಗ್ಗಿದ. ತೊಲೆ ಮೇಲಿಂದ ಹಾದುಹೋಯಿತು. ಅತಿಥಿಗಳು ಕುರ್ಚಿಯಿಂದ ಅರ್ಧ ಎದ್ದು ಚಪ್ಪಾಳೆ ತಟ್ಟಿದರು.

ಆ ಚಪ್ಪಾಳೆಯ ಸಂದಿಯಲ್ಲಿ ತೌಸೀಫನಿಗೆ ಒಂದು ಸದ್ದು ಕೇಳಿಸಿತು. ಮೇಲೆ ಚೈನು ಕಿರ್ರೆಂದಿತ್ತು. ಮೂಕಿ ಚಿತ್ರದಲ್ಲಿ ತೊಲೆಗೆ ಸದ್ದಿರುವುದಿಲ್ಲ, ರಟ್ಟಿಗೆ ಚೈನನ್ನು ನರಳಿಸುವ ಶಕ್ತಿಯಿಲ್ಲ. ಅವನು ನೋಡಿದ. ತೊಲೆ ಗಾಳಿಗೆ ಒಂದಿಷ್ಟೂ ಅಲುಗದೆ, ಅವಸರವಿಲ್ಲದೆ, ತನ್ನ ದಾರಿ ತನಗೆ ಗೊತ್ತು ಎನ್ನುವಂತೆ ತಿರುಗಿ ಬರುತ್ತಿತ್ತು. ಭುವನ್ ಬೂಟಿನ ದಾರಕ್ಕೆಂದು ಬಗ್ಗಿದ. ಎರಡನೆಯ ಸಲವೂ ಅದು ಹಾದುಹೋಯಿತು.

ತೌಸೀಫ್ ಓಡಿದ. ಕಣ್ಣು ಗುಡ್ಡೆ ಹೊರಬಂದಿತ್ತು, ಎರಡೂ ಕೈ ಗಾಳಿಯಲ್ಲಿ ಬೀಸುತ್ತ, "ಹಾತಿ-ಹಾತಿ!" ಎಂದು ಕೂಗುತ್ತ ಓಡಿದ. ಶೆಡ್ಡು ನಗುವಿನಿಂದ ಬಿರಿಯಿತು. ಸಾರ್ ಬಂದರು, ಸಾರೂ ಬಂದರು! ಆ ಮಾತು ಸತ್ತುಹೋಗಿದೆ ಎಂದು ಓಡುತ್ತಲೇ ಅವನಿಗೆ ಹೊಳೆಯಿತು. ಆಗ ಬಾಯಿಗೆ ಬಂದದ್ದು ಕನ್ನಡ.

"ಭುವನ್, ಬಗ್ಗೋ! ಖರೇ ತೊಲಿ ಐತಿ ಅದು! ಯಾರಾರ ಹಿಡೀರಿ ಅದನ್ನ, ಸಾಯ್ತಾನ ಅಂವ! ಸಾಯ್ತಾನ್ರೀ!"

ಮೂರನೆಯ ಸಲಕ್ಕೆ ಬಗ್ಗಬೇಕಾಗಿದ್ದ ಭುವನ್ ತಲೆಯೆತ್ತಿ ಅವನನ್ನು ನೋಡಿದ. ಮುಖವೆಲ್ಲ ಅರಳಿತು. ಎಷ್ಟೋ ದಿನದಿಂದ ಮುನಿಸಿಕೊಂಡಿದ್ದ ಗೆಳೆಯ ಆಟಕ್ಕೆ ಬಂದಿದ್ದ. ನೆಟ್ಟಗೆ ನಿಂತು, ತಾನೂ ಎರಡೂ ಕೈ ಮೇಲೆತ್ತಿ ಅವನಂತೆಯೇ ಬೀಸಿದ. ತೊಲೆ ಅವನ ತಲೆಯ ಹಿಂಭಾಗಕ್ಕೆ ಬಡಿಯಿತು.

ಎಲ್ಲರೂ ನಕ್ಕರು. ನಕ್ಕು, ಅವನು ಎದ್ದು ಕೋಟು ಕೊಡವಿಕೊಳ್ಳಲಿ ಎಂದು ಕಾದರು. ತೌಸೀಫ್ ಮಂಡಿಯೂರಿ ಕೂತು ತಲೆಯನ್ನು ತೊಡೆಗೆ ಎತ್ತಿಕೊಂಡ, ಅದಕ್ಕೂ ನಕ್ಕರು. ಬನ್ನಿ, ಬನ್ನಿ ಎಂದು ಕೈ ಬೀಸಿ ಕರೆದ. ಆ ಕೈ ಬೀಸಿದ್ದಕ್ಕೇ ಶಿಳ್ಳೆ ಹೊಡೆದರು. ಮುಂದಿನ ಸಾಲಿನ ಅತಿಥಿಯೊಬ್ಬರು ಎದ್ದು ನಿಂತು ಚಪ್ಪಾಳೆ ತಟ್ಟಿದರು. ಉಲ್ಲನ್ ಟೊಪ್ಪಿಯ ಅಂಚಿನಿಂದ ರಕ್ತ ಇಳಿದು ತೌಸೀಫನ ಪ್ಯಾಂಟಿಗೆ ಹರಡಿದ್ದು ಹತ್ತಿರವಿದ್ದ ಒಬ್ಬನಿಗೆ ಕಂಡಿತು. ಅವನು ನಗು ನಿಲ್ಲಿಸಿದ. ಆಮೇಲೆ ಪಕ್ಕದವನು. ಹಿಂದಿನ ಸಾಲಿನವರು ಮಾತ್ರ ಇನ್ನೂ ಬಹಳ ಹೊತ್ತು ನಗುತ್ತಲೇ ಇದ್ದರು.

ಭುವನನಿಗೆ ಮತ್ತೆ ಎಚ್ಚರವಾಗಲಿಲ್ಲ. ಆಸ್ಪತ್ರೆಯಲ್ಲಿ ಮರುದಿನ ತೀರಿಕೊಂಡ. ವಿಚಾರಣೆಗೆ ಬಂದವರು ತೌಸೀಫನನ್ನು ಬಹಳ ಪ್ರಶ್ನೆ ಕೇಳಿದರು. ಅವರು ಕೇಳದ ಒಂದು ಪ್ರಶ್ನೆ ಅವನನ್ನು ತಿನ್ನುತ್ತಿತ್ತು: ತಾನು ಓಡದೇ ಇದ್ದಿದ್ದರೆ? ಓಡದೇ ಇದ್ದಿದ್ದರೆ ಭುವನ್ ಬಗ್ಗುತ್ತಿದ್ದ. ಇದಕ್ಕೆ ಯಾರ ಸಮಾಧಾನವೂ ಇಲ್ಲ. ಶಮೀಮ್ ಹೇಳಿ ನೋಡಿದಳು, ಬೈದು ನೋಡಿದಳು, ಅತ್ತೂ ನೋಡಿದಳು. ಅವನು ಮನೆಯಲ್ಲಿ ಕೈ ಕಟ್ಟಿಕೊಂಡೇ ಮಾತಾಡತೊಡಗಿದ.

ಭುವನನ ಶವಪೆಟ್ಟಿಗೆಯನ್ನು ಕಾಠ್ಮಂಡುವಿನ ವಿಮಾನಕ್ಕೆ ಒಪ್ಪಿಸಲು ರಾಧಾಕೃಷ್ಣ, ತೌಸೀಫ್ ಇಬ್ಬರೂ ಹೋದರು. ವಾಪಸು ಬರುವಾಗ ದಾರಿಯಲ್ಲಿ ಒಂದು ಮಾಮಕ್ ಅಂಗಡಿ ಕಂಡಲ್ಲಿ ರಾಧಾಕೃಷ್ಣ ಕಾರು ನಿಲ್ಲಿಸಿದರು. ಟೀ ಬಂತು. ಇಬ್ಬರೂ ಅದನ್ನು ಮುಟ್ಟಲಿಲ್ಲ. ಪಕ್ಕದ ಮೇಜಿನಲ್ಲಿ ಕಾಲೇಜಿನ ಹುಡುಗರು ಏನಕ್ಕೋ ಜೋರಾಗಿ ನಕ್ಕರು. ತೌಸೀಫ್ ಕುರ್ಚಿಯ ಅಂಚನ್ನು ಬಿಗಿಯಾಗಿ ಹಿಡಿದುಕೊಂಡ.

"ರಾಧಣ್ಣ, ಒಂದ್ ಮಾತ ಕೇಳಲೇನ್ರಿ?"

"ಹೇಳು ಮಾರಾಯ."

"ನಾ ಅವತ್ತ ಕನ್ನಡದಾಗ ಒದರಿದ್ನಲ್ರಿ. ಇಡೀ ಡಿಪೋದಾಗ ಆ ಮಾತು ತಿಳಿಯೋರು ನೀವೊಬ್ರ. ಖರೇ ತೊಲಿ ಐತಿ, ಸಾಯ್ತಾನ ಅಂದೆ. ನಿಮಗ ಕೇಳಸ್ಲಿಲ್ಲೇನು?"

ರಾಧಾಕೃಷ್ಣ ಲೋಟವನ್ನು ಅತ್ತ ಸರಿಸಿದರು, ಇತ್ತ ಸರಿಸಿದರು.

"ಕೇಳಿತು. ಒಂದೊಂದು ಶಬ್ದವೂ ಕೇಳಿತು ಮಾರಾಯ. ಅರ್ಥವೂ ಆಯ್ತು."

"ಮತ್ತ?"

"ಎಂತ ಹೇಳುದು ನಾನು... ಆ ಗೆಸ್ಟ್ ಕೇಳಿದ್ರು, ನಿಮ್ಮ ಆಫೀಸರ್ ಎಂತ ಕೂಗ್ತಾ ಇದ್ದಾನೆ ಅಂತ. ಅದೂ ಆಟವೇ ಅಂದ್ಕೊಂಡು ನಾನು ನಗ್ತಾ ನಗ್ತಾ ಅವರಿಗೆ ಟ್ರಾನ್ಸ್‌ಲೇಟ್ ಮಾಡಿ ಹೇಳಿದೆ. ಅವರೂ ನಕ್ಕರು."